ಹಸುವಿನ ಸಮಕ್ಷಮದಲ್ಲಿ ಜೋಳದ ಸೂಪು

ಹೊಕ್ಕೈಡೋ ದ್ವೀಪದ ಶಿರೋಬೆತ್ಸು ಪಟ್ಟಣದಲ್ಲಿ ಮನುಷ್ಯರಿಗಿಂತ ಹಸುಗಳು ಹೆಚ್ಚು. ಆದ್ದರಿಂದ ಅಲ್ಲಿ ಯಾವುದೇ ಸಭೆ, ಮದುವೆ, ಬೀಳ್ಕೊಡುಗೆ ಅಥವಾ ಅಗ್ನಿಶಾಮಕ ದಳದ ಕವಾಯತು ಹಾಲಿನ ಲೋಟ ಎತ್ತದೆ ಆರಂಭವಾಗತಕ್ಕದ್ದಲ್ಲ ಎಂದು ಪಟ್ಟಣ ಸಭೆ ಕಾನೂನು ಮಾಡಿದೆ. ಮೊದಲ ಲೋಟವನ್ನು ಒಂದೇ ಉಸಿರಿಗೆ ಕುಡಿದು, ಅದನ್ನು ಬೋರಲು ಮಾಡಿ ಸಭೆಗೆ ತೋರಿಸುವ ಹೊಣೆ ಹಾಲು ಪ್ರೋತ್ಸಾಹ ಸಮಿತಿಯ ಅಧ್ಯಕ್ಷರದು. ಅಧ್ಯಕ್ಷರು ಇವಾಬುಚಿ ತೋಕುಜಿ. ಜೀವಮಾನವಿಡೀ ಹಸು ಸಾಕಿ, ಮೊಣಕಾಲು ಸೋತ ಮೇಲೆ ಹಿಂಡನ್ನು ಮಾರಿ, ಈಗ ಸಮಿತಿಯೊಂದನ್ನೇ ಸಾಕಿಕೊಂಡಿರುವವರು.

ಇಷ್ಟು ದಾಖಲೆಯಲ್ಲಿರುವ ಸಂಗತಿ. ದಾಖಲೆಯಲ್ಲಿಲ್ಲದ ಸಂಗತಿ ಅವರ ಹೆಂಡತಿ ಮಿತ್ಸುಯೊಗೆ ಮಾತ್ರ ಗೊತ್ತಿತ್ತು. ಹಿಂಡು ಮಾರಿದ ವರ್ಷದಿಂದ ಅಧ್ಯಕ್ಷರ ಹೊಟ್ಟೆ ಹಾಲನ್ನು ಒಪ್ಪುತ್ತಿರಲಿಲ್ಲ. ಸಂಸಾರ ಹೂಡಿದಂದಿನಿಂದ ಒಮ್ಮೆಯೂ ಬೂಟುಗಾಲಲ್ಲಿ ಮನೆಯೊಳಗೆ ಕಾಲಿಡದ ಮನುಷ್ಯ, ಒಂದು ಸಂಜೆ ಸಭೆ ಮುಗಿಸಿ ಬಂದು ಬೂಟು ಸಮೇತ ಪಾಯಿಖಾನೆಗೆ ಓಡಿದ್ದನ್ನು ಕಂಡಾಗಲೇ ಪರಿಸ್ಥಿತಿ ಕೈಮೀರಿದೆಯೆಂದು ಆಕೆಗೆ ಅರ್ಥವಾಯಿತು.

"ರೀ, ರಾಜೀನಾಮೆ ಕೊಟ್ಬಿಡಿ," ಎಂದಳು.

"ಕೊಟ್ಟು? ಹಾಲು ಕುಡಿಯಕ್ಕಾಗದೋನು ಹಾಲಿನ ಸಮಿತಿಗೆ ಅಧ್ಯಕ್ಷನಾಗಿದ್ದ ಅಂತ ಊರೆಲ್ಲ ಆಡ್ಕೊಳ್ಳಲ್ವಾ?"

"ಅದು ನಿಜ ತಾನೇ?"

"ನಿಜ ಆಗಿರೋದೇ ತೊಂದರೆ ಕಣೇ," ಎಂದು ತೋಕುಜಿ ಬಾಗಿಲು ಹಾಕಿಕೊಂಡರು.

ಆ ಬೇಸಿಗೆ ಪಟ್ಟಣದಲ್ಲಿ ಸಭೆಗಳು ವಿಪರೀತ. ತೋಕುಜಿ ಸೊರಗಿ ಪ್ಯಾಂಟಿಗೆ ಹೊಸ ಬೆಲ್ಟು ಕೊಳ್ಳಬೇಕಾಯಿತು. ಅವರಿಗೆ ಪ್ರಾಣವಾಗಿದ್ದ ಕೆನೆ ಹಾಕಿದ ಜೋಳದ ಸೂಪು ಕೂಡ ಬಿಟ್ಟುಹೋಗಿತ್ತು. ಬೆಳಗ್ಗೆ ಬರಿಯ ಗಂಜಿಯ ಮುಂದೆ ಕೂತು ಅವರು ಖಾಲಿ ಕೊಟ್ಟಿಗೆಯ ಕಡೆ ನೋಡುವುದನ್ನು ಮಿತ್ಸುಯೊಗೆ ಸಹಿಸಲಾಗಲಿಲ್ಲ. ಹಾಲಿಲ್ಲದೆ ಅದೇ ಸೂಪು ಮಾಡಿಯೇ ತೀರುತ್ತೇನೆಂದು ಆಕೆ ಸೆರಗು ಕಟ್ಟಿದಂತೆ ಏಪ್ರನ್ ಕಟ್ಟಿ ನಿಂತಳು.

ಹಿತ್ತಲ ಮುಸುಕಿನ ಜೋಳವನ್ನು ಬೆಳಗಿನ ತಂಪಿನಲ್ಲೇ ಮುರಿದು ತಂದಳು. ಕಾಳನ್ನು ಚಾಕುವಿನಿಂದ ಹೆರೆದು, ಉಳಿದ ದಿಂಡುಗಳನ್ನು ಎಸೆಯದೆ ನೀರಿನಲ್ಲಿ ಕುದಿಸಿದಳು. ರುಚಿಯೆಲ್ಲ ಇರುವುದು ಆ ದಿಂಡಿನಲ್ಲೇ. ಈರುಳ್ಳಿಯನ್ನು ಎಣ್ಣೆಯಲ್ಲಿ ಸಣ್ಣ ಉರಿಗೆ ಬಾಡಿಸಿ, ಕೆಂಪಗಾಗಲು ಬಿಡದೆ, ಕಾಳು ಸುರಿದು, ರಾತ್ರಿ ಉಳಿದ ಅನ್ನ ಒಂದು ಹಿಡಿ ಹಾಕಿ, ದಿಂಡಿನ ನೀರಲ್ಲಿ ಬೇಯಿಸಿದಳು. ನುಣ್ಣಗೆ ಅರೆದು ಜರಡಿಯಲ್ಲಿ ಸೋಸಿದಳು. ಕೊನೆಗೆ ನೆನೆಹಾಕಿದ ಸೋಯಾ ಕಾಳು ರುಬ್ಬಿ, ಬಟ್ಟೆಯಲ್ಲಿ ಹಿಂಡಿ ಕಾಯಿಸಿಟ್ಟಿದ್ದ ರಸವನ್ನು ಬೆರೆಸಿದಳು. ಮೊದಲ ಸಲ ಉರಿ ಜೋರಾಗಿ ಎಲ್ಲ ಒಡೆದುಹೋಯಿತು. ಎರಡನೆಯ ಸಲ ಕುದಿ ಬರುವ ಮೊದಲೇ ಇಳಿಸಿ, ಬಿಳಿ ಮಿಸೊ ಎಂಬ ಹುದುಗಿಸಿದ ಸೋಯಾ ಹಿಟ್ಟನ್ನು ಚಿಟಿಕೆಯಷ್ಟು ಕದಡಿದಳು.

ತೋಕುಜಿ ಒಂದು ಚಮಚ ಬಾಯಿಗಿಟ್ಟು ಹೆಂಡತಿಯನ್ನು ದುರುಗುಟ್ಟಿಕೊಂಡು ನೋಡಿದರು. "ಕೆನೆ ಹಾಕಿದ್ದೀಯ. ನನ್ನ ಸಾಯಿಸ್ಬೇಕು ಅಂತಿದ್ದೀಯ."

"ಒಂದು ತೊಟ್ಟೂ ಇಲ್ಲ. ತಿನ್ನಿ ಸುಮ್ನೆ."

ಅವರು ಬಟ್ಟಲು ಖಾಲಿ ಮಾಡಿದರು, ಇನ್ನೊಂದು ಕೇಳಿದರು, ರಾತ್ರಿಯಿಡೀ ಗೊರಕೆ ಹೊಡೆದರು. ಆ ಗೊರಕೆ ಕೇಳುತ್ತಾ ಮಿತ್ಸುಯೊಗೆ ತಡೆಯಲಾರದಷ್ಟು ಸಂತೋಷವಾಯಿತು.

ವಿಷಯ ಇಲ್ಲಿಗೆ ಮುಗಿಯಬೇಕಿತ್ತು. ಆದರೆ ಪಕ್ಕದ ಮನೆಯ ಕಿನುಯೊ ಡಬ್ಬಿ ತುಂಬ ಸೌತೆಕಾಯಿ ಉಪ್ಪಿನಕಾಯಿ ತಂದುಕೊಟ್ಟಳು. ಡಬ್ಬಿಯನ್ನು ಬರಿದಾಗಿ ಹಿಂದಿರುಗಿಸುವ ಪದ್ಧತಿ ಶಿರೋಬೆತ್ಸುವಿನಲ್ಲಿಲ್ಲ. ಮಿತ್ಸುಯೊ ಕೈಗೆ ಸಿಕ್ಕಿದ್ದು ಸೂಪು. ಅದನ್ನೇ ತುಂಬಿ ಕೊಟ್ಟಳು. ಕಿನುಯೊ ಇತರರ ಒಳಿತಿಗಾಗಿ ಅವರನ್ನು ಕೇಳದೆಯೇ ಕೆಲಸ ಮಾಡುವ ಹೆಂಗಸು. ಪಟ್ಟಣದವರು ಆಗ ತಾನೇ ಏರ್ಪಡಿಸಿದ್ದ 'ಅಧಿಕೃತ ಹಾಲಿನ ಜೋಳದ ಸೂಪು' ಸ್ಪರ್ಧೆಗೆ ಅದನ್ನು ಮಿತ್ಸುಯೊ ಹೆಸರಿನಲ್ಲಿ ಕೊಟ್ಟುಬಂದಳು.

ಸಂಜೆ ಐದಕ್ಕೆ ಕಂಬದ ಧ್ವನಿವರ್ಧಕ ಘೋಷಿಸಿತು: "ಸಾರ್ವಜನಿಕರ ಗಮನಕ್ಕೆ. ಇವಾಬುಚಿ ಮಿತ್ಸುಯೊ ಅವರ ಸೂಪು ಸರ್ವಾನುಮತದಿಂದ ಪ್ರಥಮ ಸ್ಥಾನ ಪಡೆದಿದೆ. ನಮ್ಮ ಹಾಲಿನ ದಪ್ಪ ಕೆನೆ ಬೇರಾವ ಸೂಪಿನಲ್ಲೂ ಇಷ್ಟು ಸ್ಪಷ್ಟವಾಗಿ ಕಂಡುಬಂದಿಲ್ಲವೆಂದು ತೀರ್ಪುಗಾರರು ಅಭಿಪ್ರಾಯಪಟ್ಟಿರುತ್ತಾರೆ."

ತೋಕುಜಿ ಕೈಲಿದ್ದ ಮೂಲಂಗಿಯನ್ನು ಕೆಳಗೆ ಬಿಟ್ಟರು. "ಮುಗೀತು ನನ್ನ ಕಥೆ," ಎಂದರು.

ಮರುದಿನ ಪಟ್ಟಣ ಕಚೇರಿಯ ಹಾಲು ವಿಭಾಗದ ಒನೊದೆರಾ ವಿಧಾನ ಬರೆದುಕೊಳ್ಳಲು ಬಂದ. ಯಾರಿಗೂ ಬೇಸರವಾಗದಂತೆ ಬದುಕುವುದನ್ನೇ ಉದ್ಯೋಗ ಮಾಡಿಕೊಂಡ ಮೃದು ಮನುಷ್ಯ. ತೋಕುಜಿ ಪಕ್ಕದ ಕೋಣೆಯಲ್ಲಿ ಕಾಗದದ ಬಾಗಿಲಿಗೆ ಕಿವಿಗೊಟ್ಟು ಕೂತರು.

"ಅಮ್ಮಾ, ಹಾಲು ಎಷ್ಟು ಅಂತ ಬರ್ಕೊಳ್ಲಿ?"

"ಹಾಕಿಲ್ಲಪ್ಪ."

"ಕಡಿಮೆ ಹಾಕಿದ್ದೀರಿ ಅನ್ನಿ."

"ಹಾಕೇ ಇಲ್ಲ ಅಂತೀನಿ."

"ಒಂದು ಚಮಚ?"

"ಉಹುಂ."

"ಬೆಣ್ಣೆಯಾದ್ರೂ..."

"ಎಣ್ಣೆ."

ಒನೊದೆರಾ ಪೆನ್ನಿಗೆ ಮುಚ್ಚಳ ಹಾಕಿದ, ಮತ್ತೆ ತೆಗೆದ. "ಸೂಪಿನ ಹೆಸರಿನ ಬಾವುಟ ಅಚ್ಚಾಗಿದೆ ಅಮ್ಮಾ. ರೈಲು ನಿಲ್ದಾಣದಿಂದ ಕಚೇರಿ ತನಕ ಕಟ್ಟಿಯೂ ಆಯ್ತು. ಮೇಯರ್ ಸಾಹೇಬ್ರು ಟೀವಿಯವ್ರಿಗೆ ಹೇಳಿಬಿಟ್ಟಿದ್ದಾರೆ." ಸ್ವಲ್ಪ ಹೊತ್ತು ಹಿತ್ತಲನ್ನು ನೋಡಿದ. "ಆ ಜೋಳಕ್ಕೆ ಏನು ಗೊಬ್ಬರ ಹಾಕಿದ್ರಿ?"

"ಸಗಣಿ ಗೊಬ್ಬರ. ನಮ್ಮ ಹಳೇ ಕೊಟ್ಟಿಗೇದು."

ಒನೊದೆರಾನ ಮುಖ ಅರಳಿತು. "ಹಾಗಾದ್ರೆ ಹಸು ಭಾಗವಹಿಸಿದೆ!"

"ಹಿಂದಿನಿಂದ," ಎಂದಳು ಮಿತ್ಸುಯೊ.

"ಎಲ್ಲಿಂದ ಅನ್ನೋದು ನಿಯಮದಲ್ಲಿ ಇಲ್ಲ ಅಮ್ಮಾ," ಎಂದು ಆತ ಬಾಗಿ ನಮಸ್ಕರಿಸಿ ಹೊರಟ.

ಕಾಗದದ ಬಾಗಿಲು ಸರಿಸಿ ತೋಕುಜಿ ತಲೆ ಹೊರಗೆ ಹಾಕಿದರು. "ಎಲ್ಲಾ ಹೇಳ್ಬಿಟ್ಯಾ?"

"ಸೂಪಿನ ವಿಷಯ ಹೇಳಿದೆ. ನಿಮ್ಮ ಹೊಟ್ಟೆ ವಿಷಯ ನಿಮಗೆ ಬಿಟ್ಟಿದ್ದು," ಎಂದಳು ಮಿತ್ಸುಯೊ.

ಹಸು ಭಾಗವಹಿಸಿದರೆ ಸಾಲದು, ಭಾಗವಹಿಸಿದ್ದು ಕಣ್ಣಿಗೆ ಕಾಣಬೇಕು ಎಂದು ಪಟ್ಟಣ ಸಭೆ ಅಭಿಪ್ರಾಯಪಟ್ಟಿತು. ಅದರಂತೆ ಹೊರಟ ತಿದ್ದುಪಡಿ ಹೀಗಿತ್ತು: "ಅಧಿಕೃತ ಹಾಲಿನ ಜೋಳದ ಸೂಪನ್ನು ಹಸುವಿನ ಸಮಕ್ಷಮದಲ್ಲಿ ತಯಾರಿಸತಕ್ಕದ್ದು. ಹಸುವಿಗೆ ಒಲೆ ಕಾಣಿಸಬೇಕು. ಮೇಲಂತಸ್ತಿನ ನಿವಾಸಿಗಳಿಗಾಗಿ ಹಸುವನ್ನು ಕೆಳಗೆ ವಾಹನ ನಿಲ್ಲಿಸುವ ಜಾಗದಲ್ಲಿ ನಿಲ್ಲಿಸಲಾಗುವುದು; ಅಡುಗೆ ಮಾಡುವವರು ಆಗಾಗ ಕಿಟಕಿಯಿಂದ ಕೈಬೀಸತಕ್ಕದ್ದು. ಹಸು ಬೇರೆಡೆಗೆ ಮುಖ ತಿರುಗಿಸಿದಲ್ಲಿ ಅದನ್ನು ಮೌನ ಸಮ್ಮತಿಯೆಂದು ಪರಿಗಣಿಸಲಾಗುವುದು. ಕರೆಯುವ ಹಸುಗಳಿಗೆ ಕೆಲಸದ ಒತ್ತಡವಿರುವುದರಿಂದ, ಸದರಿ ಸೇವೆಗೆ ಹಾಲು ಬತ್ತಿದ ಗಬ್ಬದ ಹಸುಗಳನ್ನು ಮಾತ್ರ ನಿಯೋಜಿಸಲಾಗುವುದು."

ಯಾರೂ ಆಕ್ಷೇಪಿಸಲಿಲ್ಲ. ಮೂರನೆಯ ಮಹಡಿಯ ನಿವೃತ್ತ ಶಿಕ್ಷಕರೊಬ್ಬರು ಮಾತ್ರ, ಮಂಜು ಕವಿದ ದಿನ ಎಷ್ಟು ಜೋರಾಗಿ ಕೈಬೀಸಬೇಕೆಂದು ಸ್ಪಷ್ಟನೆ ಕೋರಿದರು.

ಮಿತ್ಸುಯೊ ಮನೆಗೆ ಬಂದದ್ದು ಹಣೆಯಲ್ಲಿ ಬಿಳಿ ಚುಕ್ಕೆಯಿದ್ದ ತುಂಬುಗಬ್ಬದ ಹಸು. ಅದು ಅಡುಗೆಮನೆಯ ಕಿಟಕಿಗೆ ಮೂತಿಯಿಟ್ಟು, ಜೋಳದ ಸಿಪ್ಪೆಯನ್ನೆಲ್ಲ ಮೆದ್ದು, ಕರ್ತವ್ಯ ನಿರ್ವಹಿಸಿತು. ತೋಕುಜಿ ಕೊಟ್ಟಿಗೆಗೆ ಹೋಗಿ ಹಳೆಯ ಬ್ರಷ್ಷು ಹುಡುಕಿ ತಂದು ಅದರ ಮೈ ಉಜ್ಜತೊಡಗಿದರು. ಕತ್ತಲಾದರೂ ಒಳಗೆ ಬರಲಿಲ್ಲ.

ಅಧಿಕೃತ ಸೂಪಿನ ಬಿಡುಗಡೆ ಸಮಾರಂಭದ ದಿನ ಸಭಾಂಗಣ ಕಿಕ್ಕಿರಿದಿತ್ತು. ವೇದಿಕೆಯ ಪಕ್ಕ ನೀಲಿ ಟಾರ್ಪಾಲಿನ ಮೇಲೆ ಹಸು, ಅದರೆದುರು ಒಲೆ, ಒಲೆಯ ಮುಂದೆ ಮಿತ್ಸುಯೊ. ಆದರೆ ಸೂಪಿಗೂ ಮೊದಲು ಕಾನೂನಿನ ಪ್ರಕಾರ ಹಾಲಿನ ಲೋಟ ಎತ್ತಬೇಕಲ್ಲ. ಟೀವಿಯಲ್ಲಿ ಚೆನ್ನಾಗಿ ಕಾಣಲೆಂದು ಅಂದು ಬಿಯರ್ ಮಗ್ಗಿನಷ್ಟು ದೊಡ್ಡ ಲೋಟ ತರಿಸಿದ್ದರು. ಇದನ್ನು ಕುಡಿದರೆ ಗಂಡ ಮನೆ ಮುಟ್ಟುವುದಿಲ್ಲ, ಕುಡಿಯದಿದ್ದರೆ ಊರಲ್ಲಿ ತಲೆಯೆತ್ತುವುದಿಲ್ಲ ಎಂದು ಮಿತ್ಸುಯೊಗೆ ಗೊತ್ತಿತ್ತು. ಆಕೆಯ ಕೈಲಿದ್ದ ಸೌಟು ನಿಂತಿತು.

ತೋಕುಜಿ ಲೋಟ ಎತ್ತಿದರು. ಹಸುವನ್ನು ನೋಡಿದರು. ಹಸುವಿನ ಮುಂದೆ ಸುಳ್ಳು ಹೇಳಿ ಅವರಿಗೆ ಅಭ್ಯಾಸವಿರಲಿಲ್ಲವೋ ಏನೋ, ಲೋಟವನ್ನು ಕೆಳಗಿಟ್ಟರು.

"ನನಗೆ ಹಾಲು ಆಗೋದಿಲ್ಲ," ಎಂದರು ಮೈಕಿನಲ್ಲಿ. "ಹಿಂಡು ಮಾರಿದಾಗಿಂದ ಆಗ್ತಿಲ್ಲ. ಕುಡಿದು ಅರಗಿಸ್ಕೊಂಡ ಹಾಗೆ ನಿಮ್ಮನ್ನೆಲ್ಲ ನಂಬಿಸ್ತಾ ಬಂದೆ. ಈ ಸೂಪಲ್ಲೂ ಹಾಲಿಲ್ಲ. ನನಗೋಸ್ಕರ ಇವಳು ಹಾಲಿಲ್ದೆ ಮಾಡಿದ್ದು. ನಂದು ತಪ್ಪಾಯ್ತು." ಸೊಂಟದಿಂದ ಬಾಗಿ ನಿಂತವರು ಏಳಲೇ ಇಲ್ಲ.

ಹಸು ಸಿಪ್ಪೆ ಅಗಿಯುವ ಸದ್ದು ಹಿಂದಿನ ಸಾಲಿನವರೆಗೂ ಕೇಳಿತು. ಮಿತ್ಸುಯೊಗೆ ಕಣ್ಣು ತುಂಬಿಬಂತು. ಮದುವೆಯ ದಿನಕ್ಕಿಂತಲೂ ಈಗ ಈ ಮನುಷ್ಯನ ಮೇಲೆ ಹೆಮ್ಮೆಯೆನಿಸಿತು. ಮೇಯರು ಒನೊದೆರಾನನ್ನು ನೋಡಿದರು. ಒನೊದೆರಾ ನಡೆದುಬಂದು ಮೈಕು ಹಿಡಿದ.

"ಅಧ್ಯಕ್ಷರು ತಮಗೆ ಸಹಜವಾದ ವಿನಯದಿಂದ ಮಾತನಾಡಿದ್ದಾರೆ."

ಚಪ್ಪಾಳೆ ಬಿತ್ತು.

"ವಿನಯ ಅಲ್ಲ ಮಾರಾಯ, ಭೇದಿ!" ಎಂದರು ತೋಕುಜಿ.

"ಅತಿಯಾದ ವಿನಯ," ಎಂದು ಒನೊದೆರಾ ತಿದ್ದಿದ. ಜನ ಎದ್ದುನಿಂತು ಚಪ್ಪಾಳೆ ತಟ್ಟಿದರು. ಕಿನುಯೊ ಕರ್ಚೀಫಿನಿಂದ ಕಣ್ಣೊರೆಸಿಕೊಂಡಳು. ತಮ್ಮ ಪಾಲಿನ ಹಾಲನ್ನು ಪಟ್ಟಣದ ಮಕ್ಕಳಿಗಾಗಿ ತ್ಯಾಗ ಮಾಡಿದ ಅಧ್ಯಕ್ಷರನ್ನು ತಾವು ಮರೆಯುವುದಿಲ್ಲವೆಂದು ಮೇಯರು ಹೇಳಿದರು. ಬಳಿಕ ಸೂಪು ಹಂಚಲಾಯಿತು, ಮತ್ತು ಎಂಥ ಹಾಲಪ್ಪಾ ಎಂದು ಎಲ್ಲರೂ ತಲೆದೂಗಿದರು.

ತೋಕುಜಿ ಆ ವಾರ ರಾಜೀನಾಮೆ ಕೊಟ್ಟರು. ಅದನ್ನೂ ವಿನಯದ ಲೆಕ್ಕಕ್ಕೆ ಹಾಕಿಕೊಂಡು ಹಿಂದಿರುಗಿಸಲಾಯಿತು. ಒಂದು ಅನುಕೂಲ ಮಾತ್ರ ಆಯಿತು: ಅಧ್ಯಕ್ಷರು ತ್ಯಾಗಮೂರ್ತಿಯಾದ್ದರಿಂದ ಸಭೆಗಳಲ್ಲಿ ಲೋಟದ ಬದಲು ಸೂಪಿನ ಬಟ್ಟಲು ಎತ್ತಬಹುದೆಂದು ಅಪ್ಪಣೆಯಾಯಿತು. ಅವರ ಬೆಲ್ಟು ಹಳೆಯ ತೂತಿಗೆ ಮರಳಿತು.

ಹಸು ಇದ್ದರೆ ಮಾತ್ರ ಸೂಪು ಎನ್ನುವುದು ಸರ್ಕಾರಿ ನಿಯಮ. ಸೂಪು ಇರುವವರೆಗೆ ಹಸುವೂ ಮನೆಯಲ್ಲಿ ಎಂದು ತೋಕುಜಿ ಅದನ್ನು ತಿರುಗಿಸಿ ಓದಿಕೊಂಡರು. ದಿನಾ ಸೂಪು ಮಾಡು ಎಂದು ಹೆಂಡತಿಗೆ ಗಂಟುಬಿದ್ದರು. ಮಿತ್ಸುಯೊ ಹಿತ್ತಲ ಜೋಳ ಮುಗಿದರೂ ಶೈತ್ಯಪೆಟ್ಟಿಗೆಯಲ್ಲಿ ಕೂಡಿಟ್ಟ ಕಾಳಿನಿಂದ ಮಾಡಿದಳು, ಮೊದಲ ಹಿಮ ಬಿದ್ದ ಮೇಲೂ ಮಾಡಿದಳು. ಅಷ್ಟರಲ್ಲಿ ಹಸು ಕರು ಹಾಕಿತು. ಹಾಲಿಳಿದ ಹಸುವನ್ನು ಹೈನುಗಾರರ ಸಂಘದವರು ನಿಯಮಾನುಸಾರ ಹಿಂದಕ್ಕೆ ಕರೆಸಿಕೊಂಡು, ಸೂಪಿನ ಸಾಕ್ಷಿಗೆ ಅಡಚಣೆಯಾಗದಂತೆ ಕರುವನ್ನು ಪ್ರಭಾರ ಹಸುವಾಗಿ ನೇಮಿಸಿ ಅಲ್ಲೇ ಬಿಟ್ಟರು.

ವರ್ಷಾಂತ್ಯದಲ್ಲಿ ಪಟ್ಟಣ ಕಚೇರಿ ಪ್ರತಿ ಪಾತ್ರೆ ಸೂಪನ್ನೂ ಹಾಲೆಂದು ಎಣಿಸಿ, ಶಿರೋಬೆತ್ಸುವಿನಲ್ಲಿ ಅತಿ ಹೆಚ್ಚು ಹಾಲು ಬಳಸಿದ ಕುಟುಂಬವೆಂದು ಇವಾಬುಚಿ ದಂಪತಿಯನ್ನು ಸನ್ಮಾನಿಸಿತು. ಬಹುಮಾನ, ಒಂದು ವರ್ಷ ಮನೆಬಾಗಿಲಿಗೆ ಹಾಲು.

ತಿಂಗಳೊಪ್ಪತ್ತಿನಲ್ಲಿ ಒನೊದೆರಾ ತಪಾಸಣೆಗೆ ಬಂದ. "ಹಾಲು ಖರ್ಚಾಗ್ತಿದೆಯಾ ಅಮ್ಮಾ?"

"ಒಂದು ತೊಟ್ಟೂ ಉಳಿಯಲ್ಲ ನೋಡಪ್ಪ."

ಆತ ಹಿತ್ತಲಿಗೆ ಬಂದು ನೋಡಿದ. ತೋಕುಜಿ ಬಹುಮಾನದ ಹಾಲನ್ನು ಬೆಚ್ಚಗೆ ಮಾಡಿ ಬಕೆಟ್ಟಿಗೆ ಸುರಿದು ಹಿಡಿದಿದ್ದರು. ಕರು ಅದರೊಳಗೆ ಕಿವಿಯವರೆಗೆ ಮುಖ ತೂರಿಸಿ ಕುಡಿಯುತ್ತಿತ್ತು.

"ಹೊಟ್ಟೆಗೇನೂ ತೊಂದರೆ ಇಲ್ವಲ್ಲ ಅಧ್ಯಕ್ಷರೇ?"

"ಏನಿಲ್ಲ. ಚೆನ್ನಾಗಿ ಹಿಡಿಸಿದೆ," ಎಂದರು ತೋಕುಜಿ ಕರುವಿನ ಬೆನ್ನು ಸವರುತ್ತಾ.

ಆ ಸಂಜೆ ಧ್ವನಿವರ್ಧಕ, ಇವಾಬುಚಿ ಅವರ ಮನೆಯಲ್ಲಿ ಹಾಲು ಅದನ್ನು ಕುಡಿಯಬೇಕಾದವರಿಗೇ ತಲುಪುತ್ತಿದ್ದು, ಕುಡಿದವರು ದಿನೇದಿನೇ ಬೆಳೆಯುತ್ತಿದ್ದಾರೆಂದು ಪಟ್ಟಣಕ್ಕೆಲ್ಲ ತಿಳಿಸಿತು. ಕಿನುಯೊ ಬೇಲಿಯಾಚೆಯಿಂದ ಅಭಿನಂದನೆ ಹೇಳಿದಳು. ತೋಕುಜಿ ಬಕೆಟ್ಟು ಕೆಳಗಿಟ್ಟು, ಕಂಬದ ಕಡೆ ತಿರುಗಿ ಗೌರವದಿಂದ ಬಾಗಿ ನಮಸ್ಕರಿಸಿದರು.

"ಏನ್ರೀ ಅದು?" ಎಂದಳು ಮಿತ್ಸುಯೊ ಕಿಟಕಿಯಿಂದ.

"ಇದೇ ಮೊದಲನೇ ಸಲ ಕಣೇ, ಕಚೇರಿಯವ್ರು ನಿಜ ಹೇಳಿದ್ದು."