ಟಾಕೋಸ್ ತಿಂದು ಕುದುರಿದ ಸಂಬಂಧ

ಹೋಟೆಲಿನಲ್ಲಿ ತಿಂಡಿ ಹೇಳುವುದಕ್ಕೂ ಒಂದು ಗತ್ತು ಬೇಕು. ಅದು ಎಲ್ಲರಿಗೂ ಬರುವುದಿಲ್ಲ, ನನಗೆ ಬರುತ್ತದೆ. ಉಡುಪಿಯ ಹೋಟೆಲಿನಲ್ಲಿ ಕುಳಿತರೆ ಸಪ್ಲೈಯರ್ ಬಂದು ಇಡ್ಲಿ, ವಡೆ, ಬನ್ಸ್, ಗೋಳಿಬಜೆ, ಮಸಾಲೆ ದೋಸೆ ಎಂದು ಒಂದೇ ಉಸಿರಿನಲ್ಲಿ ಒಪ್ಪಿಸುತ್ತಾನೆ. ಉಳಿದವರು ಅದನ್ನೆಲ್ಲ ಕೊನೆಯತನಕ ಕೇಳಿ, ಒಬ್ಬರ ಮುಖ ಒಬ್ಬರು ನೋಡಿ, "ಒಂದು ಚಾ ಸಾಕು" ಎನ್ನುತ್ತಾರೆ. ನಾನಾದರೋ ಅವನು ಇಡ್ಲಿಯಿಂದ ವಡೆಗೆ ಹೋಗುವ ಮೊದಲೇ ಕೈ ಎತ್ತಿ ತಡೆದು, ಮೇಜಿನ ಸುತ್ತ ಕುಳಿತವರೆಲ್ಲರಿಗೆ ಏನು ಬೇಕೆಂಬುದನ್ನು ಅವರನ್ನು ಕೇಳದೆಯೇ ಹೇಳಿ ಮುಗಿಸುತ್ತಿದ್ದೆ. ಇದಕ್ಕೆ ನನ್ನ ಉದ್ಯೋಗವೂ ಕಾರಣವಿರಬಹುದು. ಆಗ ನಾನು ಉಡುಪಿಯ ಖಾಸಗಿ ಬಸ್‌ಸ್ಟ್ಯಾಂಡಿನಲ್ಲಿ ಬಸ್ ಏಜೆಂಟ್. ಬೆಳಗಿನಿಂದ ಸಂಜೆಯವರೆಗೆ "ಕಾಪು, ಪಡುಬಿದ್ರಿ, ಮೂಲ್ಕಿ" ಎಂದು ಕೂಗುವುದು, ಕೇಳಿದವರಿಗೆ ಉತ್ತರ ಕೊಡುವುದು. "ಕಾರ್ಕಳಕ್ಕೆ ಇನ್ನು ಎಷ್ಟು ಹೊತ್ತಿಗೆ?" "ಇದು ಎಲ್ಲೂರಿಗೆ ಹೋಗ್ತದಾ?" ಹೀಗೆ ಉತ್ತರ ಹೇಳಿ ಹೇಳಿ ಅಭ್ಯಾಸವಾದವನಿಗೆ ಪ್ರಶ್ನೆ ಕೇಳುವ ರೂಢಿ ತಪ್ಪಿಹೋಗುತ್ತದೆ. ಗೊತ್ತಿಲ್ಲದಿದ್ದರೂ ನಾನು ಉತ್ತರ ಹೇಳದೆ ಬಿಟ್ಟವನಲ್ಲ. ಬಸ್ಸು ಹೇಗೂ ಎಲ್ಲಿಗಾದರೂ ಹೋಗಿಯೇ ಹೋಗುತ್ತದಲ್ಲ!

ಇಂಥ ನನಗೂ ಒಂದು ದಿನ ತಿಂಡಿ ಹೇಳುವುದರಲ್ಲಿ ಪೇಚು ಬಂತು. ಅದೂ ತಂಗಿಯ ಮದುವೆಯ ಮಾತುಕತೆಯ ದಿನ. ಎಂಬತ್ತರ ದಶಕದ ನಡುವಿನ ಮಾತು ಇದು. ನಮ್ಮದು ಕಾಪು. ಅಪ್ಪನಿಗೆ ದೋಣಿಯಲ್ಲೊಂದು ಪಾಲು, ಅಮ್ಮ ಬುಟ್ಟಿ ಹೊತ್ತು ಮೀನು ಮಾರಿದವರು. ಆ ಮನೆಯಿಂದ ಓದಿ ಟೀಚರ್ ಆದವಳು ನನ್ನ ತಂಗಿ ಜಲಜ. ಕಾರ್ಕಳದ ಹತ್ತಿರ ಕುಕ್ಕುಂದೂರಿನ ಶಾಲೆಯಲ್ಲಿ ಅವಳಿಗೆ ಕೆಲಸ. ಬೆಳಿಗ್ಗೆ ಅವಳು ಉಡುಪಿಯಲ್ಲಿ ಬಸ್ಸು ಬದಲಿಸುವಾಗ, ನಾನು ಕಾರ್ಕಳದ ಬಸ್ಸಿನ ಹತ್ತಿರ ನಿಂತು, "ಟೀಚರಿಗೆ ಸೀಟು ಬಿಡಿ ಮಾರಾಯ್ರೆ" ಎಂದು ಇಡೀ ಸ್ಟ್ಯಾಂಡಿಗೆ ಕೇಳುವ ಹಾಗೆ ಕೂಗುತ್ತಿದ್ದೆ. ಸೀಟು ಖಾಲಿ ಇದ್ದರೂ ಕೂಗುತ್ತಿದ್ದೆ. ಅವಳು ಸೆರಗಿನಲ್ಲಿ ಮುಖ ಮರೆಸಿಕೊಂಡು ಹತ್ತುತ್ತಿದ್ದಳು. ಕಷ್ಟವೆಂದರೆ ಬಂದ ಗಂಡುಗಳು ಯಾರೂ ಅವಳಿಗೆ ಒಪ್ಪಿಗೆಯಾಗುತ್ತಿರಲಿಲ್ಲ. ಕೊನೆಯದಾಗಿ ಬಂದ ಬೊಂಬಾಯಿಯ ಹುಡುಗನಂತೂ ಮೀನುಗಾರಿಕೆಯಿಂದ ಹಿಡಿದು ರಾಜಕೀಯದವರೆಗೆ ನಮ್ಮ ಅಪ್ಪನಿಗೇ ಪಾಠ ಹೇಳಿ ಹೋದ. ಅವನು ಅಂಗಳ ದಾಟಿದ ಮೇಲೆ ಜಲಜ ಖಡಾಖಂಡಿತವಾಗಿ ಹೇಳಿದಳು: "ಇನ್ನು ನಾನು ತಟ್ಟೆ ಹಿಡಿದುಕೊಂಡು ಯಾರ ಎದುರಿಗೂ ಬರುವುದಿಲ್ಲ. ಮಾತಾಡಬೇಕಾದರೆ ಹೊರಗೆ ಎಲ್ಲಾದರೂ ಕೂತು ಮಾತಾಡುವ." ಅಪ್ಪ ಬೇಸತ್ತು, "ನೀನೇ ನೋಡಿಕೋ" ಎಂದು ಆ ಜವಾಬ್ದಾರಿಯನ್ನು ನನ್ನ ತಲೆಗೆ ಕಟ್ಟಿದರು.

ಆಗ ಬಂದದ್ದೇ ಸದಾನಂದನ ಸಂಬಂಧ. ಮಣಿಪಾಲದ ಒಂದು ಮುದ್ರಣಾಲಯದಲ್ಲಿ ಕೆಲಸ, ಮನೆಯಲ್ಲಿ ತಾಯಿ ಮಾತ್ರ. ಹೊರಗೆ ಭೇಟಿಯಾಗಬೇಕೆಂಬ ಮಾತಿಗೆ ಅವನು ಕೂಡಲೇ ಒಪ್ಪಿ, ಮಣಿಪಾಲದಲ್ಲಿ ಹೊಸತಾಗಿ ತೆರೆದ ಫಾಸ್ಟ್‌ಫುಡ್ ಹೋಟೆಲಿಗೆ ಬನ್ನಿ ಎಂದು ಹೇಳಿ ಕಳುಹಿಸಿದ. ಅದೇ ಹೆಸರಿನ ಹೋಟೆಲು ಮಂಗಳೂರಿನಲ್ಲಿ ಒಂದು, ಬೆಂಗಳೂರಿನಲ್ಲಿ ಎರಡೋ ಮೂರೋ ಉಂಟಂತೆ. ನಾನು ಅದರೊಳಗೆ ಕಾಲಿಟ್ಟವನಲ್ಲ. ಆದರೂ ಜಲಜ, "ಅಲ್ಲಿ ಹೇಗೆ ಅಣ್ಣ?" ಎಂದಾಗ, "ಹೋಟೆಲು ಹೇಗಿರ್ತದೆ? ಹೋಟೆಲಿನ ಹಾಗೆ. ನಾನಿದ್ದೇನಲ್ಲ" ಎಂದೆ.

ಭಾನುವಾರ ಸಂಜೆ ಇಸ್ತ್ರಿ ಮಾಡಿದ ಬಿಳಿ ಅಂಗಿ ತೊಟ್ಟು ಜಲಜಳನ್ನು ಕರೆದುಕೊಂಡು ಹೋದೆ. ಸದಾನಂದ, ಅವನ ತಾಯಿ ಆಗಲೇ ಬಂದು ಕುಳಿತಿದ್ದರು. ತಾಯಿ ಗಟ್ಟಿ ಹೆಂಗಸು, ಕಡಿಮೆ ಮಾತು. ಹುಡುಗನದು ಅದಕ್ಕಿಂತಲೂ ಕಡಿಮೆ ಮಾತು. ನಾವೂ ಕುಳಿತೆವು. ಎಷ್ಟು ಹೊತ್ತು ಕುಳಿತರೂ ಸಪ್ಲೈಯರ್ ಬರಲೇ ಇಲ್ಲ. ನಾನು ಚಿಟಿಕೆ ಹೊಡೆದೆ, ಬಸ್‌ಸ್ಟ್ಯಾಂಡಿನ ಗಂಟಲಿನಲ್ಲಿ "ಹಲೋ!" ಎಂದೆ. ಕೌಂಟರಿನ ಹಿಂದೆ ಟೊಪ್ಪಿ ಹಾಕಿಕೊಂಡು ನಿಂತಿದ್ದವನು, "ಸೆಲ್ಫ್ ಸರ್ವಿಸ್ ಸರ್, ಇಲ್ಲಿಗೇ ಬಂದು ಹೇಳಬೇಕು" ಎಂದ. ಗೊತ್ತಿದ್ದವನಂತೆ ನಕ್ಕು ಎದ್ದು ಹೋದೆ. ಅವನ ತಲೆಯ ಮೇಲೊಂದು ದೊಡ್ಡ ಬೋರ್ಡು. ಎಲ್ಲ ಇಂಗ್ಲಿಷಿನಲ್ಲಿ. ಇಡ್ಲಿ ಇಲ್ಲ, ವಡೆ ಇಲ್ಲ. ಕಣ್ಣಾಡಿಸಿದಲ್ಲೆಲ್ಲ ಕಂಡು ಕೇಳರಿಯದ ಹೆಸರುಗಳು. ಹಿಂದೆ ಕಾಲೇಜು ಮಕ್ಕಳ ಸಾಲು ಬೆಳೆಯುತ್ತಿತ್ತು. ಮೇಜಿನಿಂದ ಭಾವೀ ಬೀಗತಿ ನನ್ನನ್ನೇ ನೋಡುತ್ತಿದ್ದರು. ಓದಲು ಸುಲಭವಾದ, ಎಲ್ಲಕ್ಕಿಂತ ಗಿಡ್ಡದಾದ ಶಬ್ದವೊಂದನ್ನು ಹಿಡಿದು, "ನಾಲ್ಕು ಟಾಕೋಸ್" ಎಂದೆ.

"ನಾಲ್ಕು ಟಾಕೋ ಅಲ್ವಾ?" ಎಂದ ಅವನು.

"ಟಾಕೋ ಅಲ್ಲ, ಟಾಕೋಸ್" ಎಂದು ತಿದ್ದಿದೆ. ತಪ್ಪನ್ನು ಕಂಡ ಮೇಲೆ ಸುಮ್ಮನಿರುವುದು ನನ್ನಿಂದಾಗದು.

ಅವನು ನನ್ನ ಮುಖವನ್ನೊಮ್ಮೆ, ಬೋರ್ಡನ್ನೊಮ್ಮೆ ನೋಡಿ, "ಬೀನ್ಸಾ, ಪನೀರಾ? ಖಾರ ಎಷ್ಟು? ಚೀಸ್ ಬೇಕಾ? ಇಲ್ಲೇ ತಿನ್ನುವುದಾ, ಪಾರ್ಸೆಲಾ?" ಎಂದು ಒಂದರ ಹಿಂದೆ ಒಂದು ಕೇಳಿದ. ಹೋಟೆಲಿನವನು ಗಿರಾಕಿಗೆ ಇಷ್ಟೊಂದು ಪ್ರಶ್ನೆ ಕೇಳಿದ್ದನ್ನು ನಾನು ಎಲ್ಲೂ ಕಂಡಿರಲಿಲ್ಲ. ಎಲ್ಲದಕ್ಕೂ "ಹೌದು" ಎಂದೆ. ಅವನು ಏನು ಅರ್ಥ ಮಾಡಿಕೊಂಡನೋ, ಸ್ವಲ್ಪ ಹೊತ್ತಿನಲ್ಲಿ ನಾಲ್ಕು ತಟ್ಟೆ ತುಂಬಿದ ದೊಡ್ಡದೊಂದು ಟ್ರೇಯನ್ನು ನನ್ನ ಕೈಗಿತ್ತ. ಎಲ್ಲಿ ಚೆಲ್ಲಿಹೋಗುತ್ತದೋ ಎಂಬ ಹೆದರಿಕೆಯಲ್ಲಿ, ಕಣ್ಣನ್ನು ತಟ್ಟೆಗಳ ಮೇಲೇ ನೆಟ್ಟು, ತಲೆ ತಗ್ಗಿಸಿ, ಸಣ್ಣ ಸಣ್ಣ ಹೆಜ್ಜೆ ಇಡುತ್ತ ಹುಡುಗನ ಎದುರಿಗೆ ಬಂದೆ. ಜಲಜ ತುಟಿ ಕಚ್ಚಿ ನಗು ತಡೆದುಕೊಳ್ಳುತ್ತಿದ್ದಳು. ಯಾಕೆಂದು ಆಗ ಹೊಳೆಯಲಿಲ್ಲ. ನಮ್ಮ ಮನೆಯಿಂದ ಸದಾನಂದನ ಎದುರಿಗೆ ತಿಂಡಿಯ ತಟ್ಟೆ ಹಿಡಿದು ನಾಚಿ ಬಂದವನು ನಾನೊಬ್ಬನೇ ಎಂಬುದನ್ನು ಅವಳು ಇಂದಿಗೂ ನೆಂಟರಿಷ್ಟರಿಗೆ ಹೇಳುತ್ತಾಳೆ.

ತಟ್ಟೆಯಲ್ಲಿದ್ದದ್ದು ಗರಿಗರಿ ಹಪ್ಪಳವನ್ನು ಅರ್ಧಕ್ಕೆ ಮಡಚಿ ಹೊಟ್ಟೆ ತುಂಬ ತುಂಬಿಸಿದಂಥ ಒಂದು ಪದಾರ್ಥ. ಒಳಗೆ ಬೇಯಿಸಿದ ಬೀನ್ಸ್ ಕಾಳು, ಹಸಿ ಕೋಸು, ಟೊಮೇಟೊ, ಮೇಲೆ ತುರಿದ ಚೀಸು. ಒಂದು ನಿಮಿಷ ಯಾರೂ ಮುಟ್ಟಲಿಲ್ಲ. ಸದಾನಂದ ನನ್ನನ್ನು ನೋಡಿದ, ನಾನು ಅವನನ್ನು ನೋಡಿದೆ. "ತಗೊಳ್ಳಿ, ತಗೊಳ್ಳಿ, ಬಿಸಿ ಇರುವಾಗಲೇ ತಿನ್ನಬೇಕು ಇದನ್ನು" ಎಂದು ಧೈರ್ಯ ತುಂಬಿ, ನಾನೇ ಮುಂದಾಗಿ ಎತ್ತಿ ನಟ್ಟನಡುವೆ ಬಾಯಿ ಹಾಕಿದೆ. ಪಟ್ ಎಂದು ಅದು ನಾಲ್ಕೂ ಕಡೆಗೆ ಸಿಡಿಯಿತು. ಕಾಳುಗಳು ಅಂಗಿಯ ಮೇಲೆ ಇಳಿದುವು. ಒಂದು ಟೊಮೇಟೊ ಚೂರು ಬೀಗತಿಯ ಕನ್ನಡಕದ ಹತ್ತಿರದವರೆಗೂ ಹಾರಿ, ಏನೋ ಪುಣ್ಯಕ್ಕೆ ತಾಗದೆ ಕೆಳಗೆ ಬಿತ್ತು.

ಎಲ್ಲ ಕೆಟ್ಟಿತು ಎಂದುಕೊಂಡೆ. ಆಗ ಜಲಜ ತನ್ನ ತಟ್ಟೆಯನ್ನು ಸ್ವಲ್ಪ ಮುಂದಕ್ಕೆ ತಳ್ಳಿ, ಸದಾನಂದನ ಮುಖ ನೋಡಿ ನೇರವಾಗಿ ಕೇಳಿದಳು: "ಇಲ್ಲಿಗೆ ಬನ್ನಿ ಅಂತ ಹೇಳಿದ್ದು ನೀವಲ್ವಾ? ಇದನ್ನು ಹೇಗೆ ತಿನ್ನುವುದು, ಹೇಳಿ."

ಅವನ ಕಿವಿ ಕೆಂಪಾಯಿತು. "ನನಗೆ ಗೊತ್ತಿಲ್ಲ" ಎಂದ. "ನಾನೂ ಇಲ್ಲಿಗೆ ಬರುವುದು ಇವತ್ತೇ ಮೊದಲು. ಟೀಚರ್ ಅಂತ ಕೇಳಿ, ಸಾದಾ ಹೋಟೆಲಿಗೆ ಕರೆದರೆ ನಿಮಗೆ ಹೇಗಾಗ್ತದೋ ಅಂತ ಹೆದರಿ ಇಲ್ಲಿಗೆ ಹೇಳಿದೆ. ಇದರ ಹೆಸರು ಕೂಡ ಈಗ ನಿಮ್ಮ ಅಣ್ಣ ಕೌಂಟರಿನಲ್ಲಿ ಹೇಳಿದ ಮೇಲೆಯೇ ಗೊತ್ತಾದದ್ದು."

ಅವನ ತಾಯಿ ಮೊದಲ ಬಾರಿಗೆ ಬಾಯಿಬಿಟ್ಟರು: "ನಾನು ಆಗದಿಂದ ಕಾಯ್ತಾ ಇದ್ದೇನೆ, ಯಾರಾದರೂ ಒಬ್ಬರು ಕೇಳಲಿ ಅಂತ!" ಎಂದವರು ನಗತೊಡಗಿದರು. ಎಂಥ ನಗು ಅದು! ಕಾಲೇಜು ಮಕ್ಕಳು ತಿರುಗಿ ನೋಡಿದರು. ಜಲಜ ತನ್ನ ಟಾಕೋಸನ್ನು ಹಿಂದೆ ಮುಂದೆ ತಿರುಗಿಸಿ ನೋಡಿ, "ಅಮ್ಮ, ಏಡಿ ತಿನ್ನುವ ಹಾಗೆ ತಿನ್ನುವ. ತಟ್ಟೆ ಮೇಲೆ ಬಗ್ಗಿ, ತಲೆ ಓರೆ ಮಾಡಿ, ಬದಿಯಿಂದ" ಎಂದು ಎರಡೂ ಕೈಯಲ್ಲಿ ಹಿಡಿದು ಕಚ್ಚಿದಳು. ಒಂದು ಕಾಳೂ ಬೀಳಲಿಲ್ಲ. ಬೀಗತಿಯೂ ಹಾಗೇ ಮಾಡಿದರು, ಸದಾನಂದನೂ ಮಾಡಿದ. ಮೂವರೂ ಒಂದೇ ಬದಿಗೆ ತಲೆ ಓರೆ ಮಾಡಿಕೊಂಡು ತಿನ್ನುತ್ತ ಮಾತಾಡುತ್ತ ನಗುತ್ತಿದ್ದರೆ, ನಾನು ಅಂಗಿಯಿಂದ ಒಂದೊಂದೇ ಕಾಳು ಹೆಕ್ಕಿ ತಿನ್ನುತ್ತ ತಂಗಿಯನ್ನು ನೋಡುತ್ತಿದ್ದೆ. ಇಡೀ ಹೋಟೆಲಿನಲ್ಲಿ ನಾಚಿಕೆಯಿಲ್ಲದೆ ಪ್ರಶ್ನೆ ಕೇಳಿದವಳು, ನಮ್ಮ ಮೀನಿನ ಬುಟ್ಟಿಯ ಮನೆಯ ಹುಡುಗಿ! ಸೀಟು ಬಿಡಿ ಎಂದು ಅಲ್ಲಿಯೂ ಕೂಗಬೇಕೆನಿಸಿತು.

ಕಾಪುವಿಗೆ ಮರಳುವ ಬಸ್ಸಿನಲ್ಲಿ ಅವಳು, "ಆಗಬಹುದು ಅಣ್ಣ" ಎಂದಳು.

"ಎಂತ, ಟಾಕೋಸಾ?"

"ಹುಡುಗ. ಗೊತ್ತಿಲ್ಲ ಅಂತ ಬಾಯಿಬಿಟ್ಟು ಹೇಳಿದರಲ್ಲ. ನಮ್ಮ ಮನೆಯ ಗಂಡಸರ ಬಾಯಿಂದ ನಾನು ಆ ಮಾತು ಕೇಳಿಯೇ ಇಲ್ಲ."

ಈ ಮಾತು ಯಾರ ಬಗ್ಗೆ ಎಂದು ನಾನು ವಿಚಾರಿಸಲಿಲ್ಲ. ಅಪ್ಪನ ಬಗ್ಗೆ ಇರಬೇಕು. ಮದುವೆ ಚೆನ್ನಾಗಿಯೇ ನಡೆಯಿತು. ಈ ಸಂಬಂಧ ಕುದುರಿಸಿದ್ದು ಯಾರು ಎಂದು ಕೇಳಿದವರಿಗೆಲ್ಲ, ಏನು ತಿನ್ನಬೇಕೆಂದು ನಿರ್ಧರಿಸಿದ್ದು ನಾನು ಎಂಬ ನಿಜವನ್ನಷ್ಟೇ ಹೇಳಿದೆ.

ಮದುವೆಯಾದ ವರ್ಷ ನಾವು ಮೂವರೂ ಮಂಗಳೂರಿಗೆ ಹೋದಾಗ, ಅದೇ ಹೋಟೆಲಿನ ಅಲ್ಲಿಯ ಶಾಖೆಗೆ ಹೊಕ್ಕೆವು. "ನೀವೇ ಹೇಳಿ ಬಾವ" ಎಂದು ಸದಾನಂದ ಮರ್ಯಾದೆಯಿಂದ ನನ್ನನ್ನು ಮುಂದೆ ಬಿಟ್ಟ. ಬೋರ್ಡಿನಲ್ಲಿ ಇನ್ನೂ ಹೊಸ ಹೊಸ ಹೆಸರುಗಳು ಬಂದಿದ್ದುವು. ತಂಗಿ ಹಿಂದೆಯೇ ನಿಂತಿದ್ದಳು. ಈ ಸಲ ಕಲಿತದ್ದನ್ನು ತೋರಿಸಿಯೇ ಬಿಡೋಣ ಎಂದು, ಒಂದು ಹೆಸರಿಗೆ ಬೆರಳು ತೋರಿಸಿ, ಜೀವಮಾನದಲ್ಲಿ ಮೊದಲ ಬಾರಿಗೆ ಕೇಳಿದೆ: "ಇದು ಎಂತದು ಮಾರಾಯ?"

ಕೌಂಟರಿನವನು ತಲೆ ತುರಿಸಿಕೊಂಡು, "ಗೊತ್ತಿಲ್ಲ ಸರ್. ನಾನು ಇವತ್ತೇ ಕೆಲಸಕ್ಕೆ ಸೇರಿದ್ದು" ಎಂದ.

ಪಾಪ, ಹೊಸಬ. ಅದು ಎಂತದು, ಒಳಗೆ ಏನೇನು ಇರುತ್ತದೆ, ಹೇಗೆ ತಿನ್ನಬೇಕು ಎಂಬುದನ್ನೆಲ್ಲ ನಾನೇ ಅವನಿಗೆ ಸಮಾಧಾನವಾಗಿ ವಿವರಿಸಿ ಹೇಳಿದೆ.