ಲಾಬಿಯ ತಂಪು ಮತ್ತು ನನ್ನ ಚಪ್ಪಲಿ

ತಿಳಿಯದ ಮಾತಿಗೆ ತಲೆ ಆಡಿಸಬಾರದು. ಮೊಮ್ಮಕ್ಕಳಾದ ನಿಮಗೆ ನಾನು ಹೇಳಬೇಕಾದ ಬುದ್ಧಿಮಾತು ಇದು. ಆದರೆ ಹೇಳುವ ಅಧಿಕಾರ ನನಗಿಲ್ಲ. ಹೊರಗಿನವರ ಮುಂದೆ ನನಗೆ ಮಾತು ಬರುವುದಿಲ್ಲ, ತಲೆ ಮಾತ್ರ ತಾನಾಗಿಯೇ ಆಡುತ್ತದೆ. ಮುರಗೋಡದ ಹತ್ತಿರದ ನಮ್ಮ ಹಳ್ಳಿಯ ಸಾಲೆಯಲ್ಲಿ ಏಳನೆಯ ಇಯತ್ತೆಯವರೆಗೆ ಓದಿದೆ. ಮಾಸ್ತರರು "ತಿಳೀತೇನವಾ?" ಎಂದಾಗಲೆಲ್ಲ ತಲೆ ಆಡಿಸಿಯೇ ಪಾಸಾದೆ. ಬೈಲಹೊಂಗಲದ ನಮ್ಮ ಕಾಂಪ್ಲೆಕ್ಸಿನ ಲಾಬಿಗೆ ತಂಪಿನ ಯಂತ್ರ ಆರಿಸುವಾಗಲೂ ಅದನ್ನೇ ಮಾಡಿದೆ.

ನಿಮ್ಮ ಅಜ್ಜ ತೀರಿಕೊಂಡ ಮೇಲೆ ಆ ಜಾಗ ನನ್ನ ಹೆಸರಿಗೆ ಬಂತು, ಅದರ ಮೇಲೆ ನಿಮ್ಮಪ್ಪ ಬಸವರಾಜ ಕಟ್ಟಡ ಎಬ್ಬಿಸಿದ. ಬಂದವರು ಮೊದಲು ಕಾಲಿಡುವ ದೊಡ್ಡ ಕೋಣೆಗೆ ಲಾಬಿ ಎನ್ನುತ್ತಾರೆಂದು ಆಗ ತಿಳಿಯಿತು. ನನ್ನ ಕಣ್ಣಿಗೆ ಅದು ಪಡಸಾಲೆಯೇ. ಪಕ್ಕದಲ್ಲಿ ದನದ ಗೋದಲಿ ಇಲ್ಲ, ಅಷ್ಟೆ. ಲಾಬಿಯ ಪಕ್ಕದಲ್ಲಿ ಮಾಳಿಗೆಗೆ ಹತ್ತುವ ಪಾವಟಿಗೆ, ಅಂದರೆ ಮೆಟ್ಟಿಲು; ಒಳತುದಿಗೆ ವೀರಭದ್ರಪ್ಪನವರ ಸೀರೆ ಅಂಗಡಿ. ಕಟ್ಟಡ ಇನ್ನೂ ಪಾಯದಲ್ಲಿದ್ದಾಗಲೇ ನಮ್ಮನ್ನು ನಂಬಿ ಅಂಗಡಿ ಹಿಡಿದವರು ಅವರು. ಮೊದಲ ಬೇಸಿಗೆಯಲ್ಲೇ ಮನೆಗೆ ಬಂದು ಕುಳಿತರು.

"ಅವ್ವಾರ, ಲಾಬ್ಯಾಗ ಹಂಚಿಲ್ದ ರೊಟ್ಟಿ ಬೇಯತಾವ್ರಿ. ಮಂದಿ ನನ್ನ ಅಂಗಡಿ ಮುಟ್ಟೂದ್ರಾಗ ಬೆವತು ಹೊಳ್ಳಿ ಹೊಂಟಾರ. ಲಗ್ನದ ದಿನಾ ಬಂದೂ ಹಿಂಗ ಇದ್ರ ನಾ ಬ್ಯಾರೆ ಜಾಗಾ ನೋಡಬೇಕಾಗತೈತ್ರಿ."

ಮರುದಿನವೇ ಬಸವರಾಜ ಬೆಳಗಾವಿಯಿಂದ ಒಬ್ಬ ಎಂಜಿನಿಯರರನ್ನು ಕರೆಸಿದ. ಜಾಗ ನನ್ನದಾದ್ದರಿಂದ ಅವರು ನನ್ನ ಕಡೆ ಮುಖ ಮಾಡಿ ಮಾತಾಡುವರು. ನಾನು ಸೆರಗು ಎಳೆದುಕೊಂಡು ಬಸವರಾಜನ ಕಡೆ ಮುಖ ಮಾಡಿ ಉತ್ತರಿಸುವೆ.

"ಅಮ್ಮಾರ, ಈ ಜಾಗಾಕ್ಕ ಐದು ಟನ್ ಏಸಿ ಬೇಕ್ರಿ," ಎಂದರು.

ನಾನು ಕಂಡ ಟನ್ ಎಲ್ಲ ಎಂ.ಕೆ. ಹುಬ್ಬಳ್ಳಿಯ ಸಕ್ಕರೆ ಫ್ಯಾಕ್ಟರಿಗೆ ಹೋಗುವ ಕಬ್ಬಿನದು. "ಐದ ಟನ್ ಭಾರ ಗ್ವಾಡಿ ತಡೀತೈತೇನ್ ಕೇಳೋ," ಎಂದು ಮಗನ ಕಿವಿಯಲ್ಲಿ ಉಸುರಿದೆ. ಎಂಜಿನಿಯರರಿಗೂ ಕೇಳಿಸಿತು. ಪುಣ್ಯಾತ್ಮ ನಗಲಿಲ್ಲ. ಒಂದು ಟನ್ ಬರ್ಫ ಒಂದು ಹಗಲು ಒಂದು ರಾತ್ರಿಯಲ್ಲಿ ಕರಗಿದರೆ ಎಷ್ಟು ತಂಪಾದೀತೋ, ಅದೇ ಒಂದು ಟನ್ ತಂಪು ಎಂದು ತಿಳಿಸಿಕೊಟ್ಟರು. ತಂಪಿಗೂ ಒಂದು ಅಳತೆ ಇದೆಯೆಂದು ನನಗೆ ಎಷ್ಟು ಸಂತೋಷವಾಯಿತೆಂದರೆ, ಮುಂದಿನ ಮಾತು ಯಾವುದೂ ಕಿವಿಗೆ ಬೀಳಲಿಲ್ಲ. ಕೂಲರಿನ ಮಾತು ಬಂದಾಗ ಮಾತ್ರ ಎಚ್ಚರವಾದೆ. ಅದಕ್ಕೆ ದಿನಾ ಕೊಡ ಕೊಡ ನೀರು ಬೇಕಂತೆ. ನಮ್ಮ ನಲ್ಲಿಯ ನೀರೋ, ತನಗೆ ಮನಸ್ಸು ಬಂದಾಗ ಬರುವಂಥದ್ದು. "ಮಂದಿ ಕುಡೀಬೇಕೋ, ಕೂಲರ್ ಕುಡೀಬೇಕೋ ಕೇಳು," ಎಂದೆ. ಕೂಲರ್ ಅಲ್ಲಿಗೆ ಮುಗಿಯಿತು. ಚಳಿಗಾಲದಲ್ಲಿ ಬಿಸಿಗಾಳಿ ಬಿಡುವ ಏಸಿಯೂ ಉಂಟಂತೆ. ನಮ್ಮ ಕಾಲದಲ್ಲಿ ಆ ಕೆಲಸಕ್ಕೆ ಶಗಡಿಯಲ್ಲಿ ನಾಲ್ಕು ಕೆಂಡ ಸಾಕಾಗಿತ್ತು. ಕೊನೆಗೆ ಅವರು, "ಎಂಟು ದಿನ ಬಾಡಿಗಿ ಏಸಿ ಇಟ್ಟು ನೋಡ್ರಿ, ಆಮ್ಯಾಲ ಹೇಳ್ರಿ," ಎಂದರು. ತಲೆ ಆಡಿಸಿದೆ.

ಬೀರುವಿನಷ್ಟು ಎತ್ತರದ ಯಂತ್ರ ಬಂತು. ತಂಪು ಸೋರಬಾರದೆಂದು ಗಾಜಿನ ಬಾಗಿಲು ಮುಚ್ಚಿದರು. ನನಗೆ ಮನೆಯಲ್ಲಿ ಕೂರಲಾಗಲಿಲ್ಲ. ದಿನಾ ಮುಂಜಾನೆ ಅಂಗಡಿ ತೆಗೆಯುವ ಹೊತ್ತಿಗೇ ಹೋಗಿ, ಮೂಲೆಯ ಬೆಂಚಿನ ಮೇಲೆ ಕುಳಿತು, ಮಂದಿ ಹೇಗೆ ತಂಪಾಗುತ್ತಾರೆಂದು ನೋಡುತ್ತಿದ್ದೆ. ಮಂದಿಯೇ ಬರಲಿಲ್ಲ. ಗಾಜಿನಾಚೆ ಬಂದು ನಿಲ್ಲುವರು, ಇಣುಕುವರು, ಹೋಗುವರು. ಕೆಲವರು ಚಪ್ಪಲಿ ಬಿಟ್ಟು, ರುಮಾಲು ಸರಿಮಾಡಿಕೊಂಡು, ಕೈಕಟ್ಟಿ ಒಳಗೆ ಬಂದು, ಏನೂ ಕೊಳ್ಳದೆ ಯಂತ್ರದ ಮುಂದೆ ಸುಮ್ಮನೆ ನಿಂತು ಹೋಗುವರು. ಮೂರನೆಯ ದಿನ ಬಾಗಿಲ ಸಂದಿಯಿಂದ ಇಬ್ಬರು ಹೆಂಗಸರ ಮಾತು ಕೇಳಿಸಿತು.

"ಒಳಗ ಪೂಜಾ ನಡದಂಗ ಕಾಣತೈತಿ."

"ಹೌದಬೇ, ಚಪ್ಪಲಿ ಬಿಟ್ಟಾರ ನೋಡು. ಕರೀಲಾರದ ಹ್ಯಾಂಗ ಹೋಗೂದು, ನಡಿ."

ನಾನು ಹೊರಗೆ ಹೋಗಿ ನೋಡಿದೆ. ಚಪ್ಪಲಿಗಳ ಸಣ್ಣ ಗುಡ್ಡೆ. ಎಲ್ಲಕ್ಕಿಂತ ಮುಂದೆ, ಬಾಗಿಲಿಗೆ ಹತ್ತಿಕೊಂಡು, ಜೋಡಿಸಿ ಬಿಟ್ಟ ಒಂದು ಜೊತೆ. ನನ್ನವು. ಅಷ್ಟು ಹೊಳೆಯುವ ಕಲ್ಲಿನ ಮೇಲೆ ಕೆರವು ಮೆಟ್ಟಿ ನಡೆಯಲು ನನಗೆ ಮನಸ್ಸಾಗಿರಲಿಲ್ಲ. ಮೊದಲು ಬಂದವಳು ನಾನೇ. ನನ್ನವನ್ನು ನೋಡಿ ಉಳಿದವರೂ ಬಿಟ್ಟಿದ್ದರು.

ಅಷ್ಟರಲ್ಲಿ ವೀರಭದ್ರಪ್ಪನವರು ಬಸವರಾಜನನ್ನೂ ಎಂಜಿನಿಯರರನ್ನೂ ಕರೆಸಿಕೊಂಡಿದ್ದರು. "ಹಾಡಹಗಲ ಬಾಗಲಾ ಹಾಕಿದ್ರ ಲಕ್ಷ್ಮಿ ಹ್ಯಾಂಗ ಬರಬೇಕ್ರಿ? ನಾಳೆ ನಾ ಗಂಟು ಕಟ್ಟಾಂವ," ಎನ್ನುತ್ತಿದ್ದರು. ತಪ್ಪು ಬಾಗಿಲಿನದಲ್ಲ, ನನ್ನದು ಎಂದು ಹೇಳಲು ಬಾಯಿ ತೆರೆದೆ. ಆ ಮಾತು ಬರಲಿಲ್ಲ. ಅದರ ಬದಲು ಬೇರೆಯೇ ಮಾತು, ಅದೂ ನೇರವಾಗಿ ಎಂಜಿನಿಯರರ ಮುಖಕ್ಕೆ ಬಂತು.

"ಬಾಗಲಾ ತಗದ ಇಡ್ರಿ. ಪಾವಟಿಗಿ ಮ್ಯಾಲ, ಮಾಳಿಗ್ಯಾಗ, ನಮ್ಮ ಹಳ್ಳಿ ಮನಿಯಂಗ ಒಂದು ಬೆಳಕಿಂಡಿ ತಗೀರಿ. ಝಳ ಎಲ್ಲಾ ಮ್ಯಾಲ ಹೋಗತೈತಿ. ಥಂಡ್ಯಾಗ ಹಗ್ಗಾ ಜಗ್ಗಿ ಮುಚ್ಚಿದ್ರ ಒಳಗ ಬೆಚ್ಚಗ."

ಬಸವರಾಜ ಬೆರಗಾಗಿ ನನ್ನನ್ನೇ ನೋಡಿದ. ಎಂಜಿನಿಯರರು ಮೆಟ್ಟಿಲ ಮೇಲಿನ ಮಾಳಿಗೆಯ ಬಾಗಿಲು ತೆರೆಸಿ, ವೀರಭದ್ರಪ್ಪನವರ ಗಲ್ಲಾಪೆಟ್ಟಿಗೆಯ ಮುಂದಿನ ಊದಿನಕಡ್ಡಿ ತಂದು ಕೆಳಗೆ ಹಿಡಿದರು. ಹೊಗೆ ತೂಕಡಿಸಿತು, ಬಾಗಿತು, ಆಮೇಲೆ ಮೆಟ್ಟಿಲು ಹತ್ತಿ ಹೊರಟೇಹೋಯಿತು. ನಾಲ್ವರೂ ಕತ್ತೆತ್ತಿ ನೋಡುತ್ತ ನಿಂತೆವು.

ಈಗ ಅಲ್ಲಿ ಬೆಳಕಿಂಡಿ ಇದೆ, ಅಗಲ ರೆಕ್ಕೆಯ ದೊಡ್ಡ ಫ್ಯಾನಿದೆ, ಬಾಗಿಲು ಸದಾ ತೆರೆದಿರುತ್ತದೆ. ಏಸಿಯ ತಂಪಿಲ್ಲ, ಬೆವರು ಆರುತ್ತದೆ. ವೀರಭದ್ರಪ್ಪನವರು ಗಂಟು ಕಟ್ಟಲಿಲ್ಲ. ಬಂದವರಿಗೆಲ್ಲ, "ಅವ್ವಾರ ತಲಿ, ನೋಡ್ರಿ," ಎಂದು ಮೇಲೆ ತೋರಿಸುತ್ತಾರೆ. ನಾನು ತಲೆ ಆಡಿಸುತ್ತೇನೆ. ಏಸಿ ನಿಜವಾಗಿ ಸೋತಿತ್ತೋ, ನನ್ನ ಚಪ್ಪಲಿ ಅದನ್ನು ಸೋಲಿಸಿತೋ ಎಂದು ಈವರೆಗೆ ಯಾರೂ ಕೇಳಿಲ್ಲ. ಇದನ್ನೆಲ್ಲ ಬರೆದ ಈ ಹಾಳೆ ನಿಮ್ಮಪ್ಪನ ಕೈಗೆ ಕೊಡಬೇಡಿ.

ಆ ಕಲ್ಲಿನ ಮೇಲೆ ಕೆರವು ಮೆಟ್ಟಿ ನಡೆಯಲು ಇಂದಿಗೂ ನನ್ನ ಕಾಲು ಏಳುವುದಿಲ್ಲ. ಬಾಗಿಲಲ್ಲಿ ಬಿಟ್ಟು ಹೋಗಲು ಧೈರ್ಯವಿಲ್ಲ. ಹೀಗಾಗಿ ಚಪ್ಪಲಿಯನ್ನು ಸೆರಗಿನೊಳಗೆ ಮುಚ್ಚಿ ಹಿಡಿದು, ನನ್ನದೇ ಲಾಬಿಯಲ್ಲಿ, ಕದ್ದವಳಂತೆ ನಡೆದು ಹೋಗುತ್ತೇನೆ.