ಮೈನಸ್ ಆರು ಪಾಯಿಂಟ್ ಆರು

ಗಂಡನಿಗೆ ಕೆಲವು ವಿಷಯಗಳು ಚೆನ್ನಾಗಿ ಗೊತ್ತು ಎಂದು ಹೆಂಡತಿಯರು ಪಾಪ ನಂಬಿಕೊಂಡಿರುತ್ತಾರೆ. ಆ ನಂಬಿಕೆಯನ್ನು ಯಾರೂ ಪರೀಕ್ಷಿಸದಷ್ಟು ಕಾಲ ಸಂಸಾರ ಸೊಗಸಾಗಿ ನಡೆಯುತ್ತದೆ. ನಮ್ಮ ಮನೆಯಲ್ಲಿ ಅಂಥ ವಿಷಯ ಗಣಿತ. ನಾನು ಬಿ.ಕಾಂ. ಓದಿದವನು, ವಿಮಾ ಕಚೇರಿಯಲ್ಲಿ ಕೆಲಸದಲ್ಲಿರುವವನು. ಅಲ್ಲಿ ಲೆಕ್ಕವನ್ನೆಲ್ಲ ಕಂಪ್ಯೂಟರೇ ಮಾಡುತ್ತದೆ ಎಂಬುದನ್ನು ಮನೆಯಲ್ಲಿ ಹೇಳುವ ಸಂದರ್ಭ ಬಂದಿರಲಿಲ್ಲ, ಅಷ್ಟೆ.

ನನ್ನ ಹೆಂಡತಿ ಶೈಲಜಾ ಹತ್ತನೇ ತರಗತಿಯಲ್ಲಿ ಗಣಿತವೊಂದರಲ್ಲಿ ಫೇಲಾಗಿ, ಮತ್ತೆ ಪರೀಕ್ಷೆ ಕಟ್ಟುವ ಮೊದಲೇ ಮದುವೆಯಾಗಿ ಬಂದವಳು. ಜೆ.ಪಿ. ನಗರದ ನಮ್ಮ ಮನೆಯ ಹಿಂದಿನ ರಸ್ತೆಯಲ್ಲಿ ಪುಟ್ಟ ಮಕ್ಕಳ ಶಾಲೆಯೊಂದಿದೆ. ತರಕಾರಿಗೆಂದು ಹೋದವಳು ಅದರ ಗೇಟಿನ ಮುಂದೆ ನಿಂತು ಮಕ್ಕಳನ್ನು ನೋಡಿಕೊಂಡು ಬರುತ್ತಿದ್ದಳು. ಅಲ್ಲಿ ಸಹಾಯಕಿ ಬೇಕಾಗಿದ್ದಾರೆ, ಹತ್ತನೇ ತರಗತಿ ಪಾಸಾಗಿದ್ದರೆ ಸಾಕು ಎಂದು ತಿಳಿದ ದಿನ ನನ್ನನ್ನು ಕೇಳಿದಳು, "ರೀ, ನಂಗೆ ಲೆಕ್ಕ ಹೇಳ್ಕೊಡ್ತೀರಾ?"

ಬುನಾದಿಯಿಂದಲೇ ಶುರುಮಾಡೋಣ ಎಂದು ಏಳನೇ ತರಗತಿಯ ಪುಸ್ತಕ ತಂದೆ. ಮೊದಲ ಲೆಕ್ಕವೇ x − 2.5 = −4.1. ಗೊತ್ತಿಲ್ಲದ ಸಂಖ್ಯೆಯೊಂದರಿಂದ ಎರಡೂವರೆ ಕಳೆದರೆ ಮೈನಸ್ ನಾಲ್ಕು ಪಾಯಿಂಟ್ ಒಂದು ಬರುತ್ತದೆ, ಆ ಸಂಖ್ಯೆ ಯಾವುದು ಎಂದು ಪ್ರಶ್ನೆ. ಎರಡೂ ಕಡೆ ಮೈನಸ್ ಇದೆಯಲ್ಲ, ಕೂಡಿಸಿ ಮುಂದೊಂದು ಮೈನಸ್ ಹಾಕಿದರಾಯಿತು, ಮೈನಸ್ ಆರು ಪಾಯಿಂಟ್ ಆರು ಎಂದೆ. ಪುಸ್ತಕದ ಕೊನೆಯಲ್ಲಿ ಮೈನಸ್ ಒಂದು ಪಾಯಿಂಟ್ ಆರು ಅಂತಿತ್ತು. ಅಚ್ಚಿನ ತಪ್ಪು ಎಂದು ತೀರ್ಪು ಕೊಟ್ಟು, ಮರುದಿನ ಅದೇ ಪುಸ್ತಕದ ಹೊಸ ಮುದ್ರಣ ತರಲು ಜಯನಗರ ನಾಲ್ಕನೇ ಬ್ಲಾಕಿಗೆ ಹೋದೆ. ಅಂಗಡಿಯಲ್ಲಿ ನಿಂತೇ ಕೊನೆಯ ಪುಟ ತಿರುವಿದೆ. ಅವರೂ ತಿದ್ದಿರಲಿಲ್ಲ. ಪುಸ್ತಕವನ್ನು ಮೆಲ್ಲನೆ ಸ್ವಸ್ಥಾನದಲ್ಲಿಟ್ಟು, ಸಿಗಲಿಲ್ಲ ಎಂದು ಹೇಳುವ ನಿರ್ಧಾರದೊಂದಿಗೆ ಮನೆಗೆ ಬಂದೆ.

ಶೈಲಜಾ ಊಟದ ಮೇಜಿನ ಮುಂದೆ ಕೂತಿದ್ದಳು. "ರೀ, ಎರಡೂ ಕಡೆ ಎರಡೂವರೆ ಕೂಡಿಸಿ ನೋಡ್ದೆ. ಈ ಕಡೆ ಬರೀ ಎಕ್ಸ್ ಉಳೀತು, ಆ ಕಡೆ ಮೈನಸ್ ಒಂದು ಪಾಯಿಂಟ್ ಆರು. ಅದರಿಂದ ಮತ್ತೆ ಎರಡೂವರೆ ಕಳೆದ್ರೆ ಸರಿಹೋಗ್ತಿದೆ. ಎಲ್ಲಿ ತಪ್ಪಿದೀನಿ, ಸ್ವಲ್ಪ ನೋಡ್ತೀರಾ?"

ಅವಳ ಮುಖದಲ್ಲಿ ಗೆದ್ದ ಕಳೆ ಇರಲಿಲ್ಲ, ಹೆದರಿಕೆ ಇತ್ತು. ದಾರಿಯುದ್ದಕ್ಕೂ ಹೊಂದಿಸಿಕೊಂಡು ಬಂದಿದ್ದ ಸುಳ್ಳು ಬಾಯಿಗೆ ಬರಲಿಲ್ಲ.

"ನೀನು ಮಾಡಿರೋದೇ ಸರಿ ಕಣೆ. ತಪ್ಪಿದ್ದು ನಾನು."

ಅವಳು ಲೆಕ್ಕವನ್ನು ಇನ್ನೊಮ್ಮೆ ನೋಡಿ, "ಹಂಗಾದ್ರೆ ಸ್ಕೂಲಲ್ಲೂ ನಾನು ಅಷ್ಟೊಂದು ದಡ್ಡಿ ಆಗಿರ್ಲಿಲ್ವೇನೋ" ಎಂದಳು. ನಾನೇ ಎದ್ದು ಹೋಗಿ ಕಾಫಿ ಮಾಡಿದೆ. ಸಕ್ಕರೆ ಹಾಕುವುದನ್ನು ಮರೆತಿದ್ದೆ. ಅವಳು ಅದನ್ನೇ ಪೂರ್ತಿ ಕುಡಿದಳು.

ಶೈಲಜಾ ಪಾಸಾದಳು. ಆ ಶಾಲೆಯಲ್ಲಿ ಕೆಲಸವೂ ಸಿಕ್ಕಿತು. ಪುಟಾಣಿಗಳೆಲ್ಲ ಅವಳ ಸೆರಗು ಹಿಡಿದು ಓಡಾಡುತ್ತವೆ. ಮೊನ್ನೆ ಭಾನುವಾರ ಪಕ್ಕದ ಮನೆಯಾಕೆ ಬಾಗಿಲಲ್ಲಿ ನಿಂತು, "ನಮ್ಮ ಹುಡುಗಿಗೆ ಲೆಕ್ಕ ತುಂಬ ಕಷ್ಟ ಆಗ್ತಿದೆ. ನಿಮ್ಮ ಯಜಮಾನ್ರು ಹೇಳ್ಕೊಡ್ತಾರಾ?" ಎಂದು ಕೇಳಿದರು. ಒಳಗಿದ್ದ ನಾನು ಇನ್ನಷ್ಟು ಒಳಕ್ಕೆ ಸರಿದೆ.

"ನಂಗೂ ಅವರೇ ಹೇಳ್ಕೊಟ್ಟಿದ್ದು" ಎಂದಳು ಶೈಲಜಾ, ಒಂದಿಷ್ಟೂ ನಗದೆ. "ಆದ್ರೆ ಪಾಪ, ಅವರಿಗೆ ಪುರುಸೊತ್ತೇ ಇರಲ್ಲ. ನಾನೇ ಹೇಳ್ಕೊಡ್ತೀನಿ, ಕಳ್ಸಿ."

ಪುರುಸೊತ್ತಿಲ್ಲದ ನಾನು ಆಗ ಅಡುಗೆಮನೆಯಲ್ಲಿ ಹುರುಳಿಕಾಯಿಯ ನಾರು ತೆಗೆಯುತ್ತಿದ್ದೆ.